ಮುಂಗಡ ಕಣ್ಣೀರು

ನಮ್ಮೂರಿನಲ್ಲಿ ಒಣಗಿದ ಬಟ್ಟೆ ತೆಗೆಯಲು ತಾರಸಿ ಹತ್ತುವ ಹೆಂಗಸರು ಕೈಯಲ್ಲೊಂದು ಬಿದಿರು ಕೋಲು ಹಿಡಿದೇ ಹತ್ತುತ್ತಾರೆ. ಹೊರಗಿನಿಂದ ಬಂದ ನೆಂಟರು ಇದನ್ನು ನೋಡಿ, ಕೋತಿ ಕಾಟವೇ ಎಂದು ಕೇಳುತ್ತಾರೆ. ನಾವು ಹೌದು ಎಂದುಬಿಡುತ್ತೇವೆ. ನಿಜ ಹೇಳುತ್ತ ಕೂತರೆ ಅವರಿಗೆಂದು ಮಾಡಿದ ಕಾಫಿ ಆರಿಹೋಗುತ್ತದೆ. ಕಾಲ ಎನ್ನುವುದೂ ಒಂದು ಬಟ್ಟೆಯೇ. ಬೇರೆ ಊರುಗಳಲ್ಲಿ ಅದು ಎಲ್ಲೋ ಎತ್ತರದಲ್ಲಿ, ಯಾರ ತಲೆಗೂ ತಾಗದಂತೆ ಮರ್ಯಾದೆಯಿಂದ ಹರಡಿಕೊಂಡಿದೆಯಂತೆ. ನಮ್ಮೂರಿಗೆ ಬರುವಷ್ಟರಲ್ಲಿ ಅದಕ್ಕೆ ಏನು ಸುಸ್ತೋ ಏನೋ, ನೀರು ತುಂಬಿದ ಶಾಮಿಯಾನದ ಹಾಗೆ ಜೋತುಬಿದ್ದಿದೆ. ನಮ್ಮ ಬೀದಿಯಲ್ಲಂತೂ ನೇರ ತಾರಸಿಗೇ ಇಳಿಯುತ್ತದೆ. ಅದರ ಅಂಚು ತಂತಿಯ ಮೇಲಿನ ಬಟ್ಟೆಗಳ ನಡುವೆ ಬಂದು ಸೇರಿಕೊಂಡರೆ ಯಾವುದು ನಮ್ಮ ಸೀರೆ, ಯಾವುದು ಅದು ಎಂದು ಕಣ್ಣಿಗೆ ತಿಳಿಯುವುದಿಲ್ಲ. ಅದಕ್ಕೇ ಕೋಲು. ಒಂದೊಂದನ್ನೂ ತಟ್ಟಿ ನೋಡಬೇಕು. ತಟ್ಟಿದ ಮೇಲೆ ಸದ್ದು ಬಂದರೆ ನಮ್ಮದು. ತಟ್ಟುವ ಮೊದಲೇ ಸದ್ದು ಬಂದರೆ ಕೋಲು ಅಲ್ಲೇ ಬಿಸಾಕಿ ಕೆಳಗಿಳಿಯಬೇಕು.

ಪುರಸಭೆಯವರನ್ನು ಬೈಯುವಂತಿಲ್ಲ. ಅಪಾಯ ಇರುವ ಕಡೆಯೆಲ್ಲ ಕೆಂಪು ರಿಬ್ಬನ್ ಕಟ್ಟಿಸುತ್ತೇವೆ ಎಂದು ಮೈಕಿನಲ್ಲಿ ಕೂಗಿದರು, ಕಟ್ಟಿಸಿಯೂ ಕಟ್ಟಿಸಿದರು. ಕಟ್ಟಲು ಹೋದ ಇಬ್ಬರಿಗೆ ಅದರ ಅಂಚು ತಾಗಿ ಅಲ್ಲೇ ಬೇನೆ ತಗುಲಿತು. ಇಬ್ಬರೂ ಏಣಿಯ ಬುಡದಲ್ಲಿ ಕೂತು, ಯಾಕೆಂದು ತಮಗೇ ಗೊತ್ತಿಲ್ಲದೆ, ಹೊಟ್ಟೆ ಹುಣ್ಣಾಗುವ ಹಾಗೆ ನಕ್ಕರು. ಅದಾದ ಮೇಲೆ ರಿಬ್ಬನ್ನಿನ ಉದ್ಘಾಟನೆಗೆ ಅಧ್ಯಕ್ಷರು ಬಂದರು, ಅವರ ಪಂಚೆ ಏಣಿಯ ಮೊಳೆಗೆ ಸಿಕ್ಕಿ ಬಿಚ್ಚಿಹೋಯಿತು. ಊರಿಗೆ ಊರೇ ಬಿದ್ದು ಬಿದ್ದು ನಗುತ್ತಿದ್ದರೆ ಆ ಇಬ್ಬರು ಮಾತ್ರ ಸಾವಿನ ಮನೆಗೆ ಬಂದವರ ಹಾಗೆ ಮುಖ ಬಿಗಿದು ನಿಂತಿದ್ದರು. ಅವರ ಪಾಲಿನ ನಗು ಆಗಲೇ ಖರ್ಚಾಗಿತ್ತು. ಅಧ್ಯಕ್ಷರು ಅವರ ವಿನಯವನ್ನು ಮೆಚ್ಚಿ ಶಾಲು ಹೊದಿಸಿದರು.

ಆ ಬೇನೆಗೆ ಡಾಕ್ಟರು ಇಟ್ಟಿರುವ ಹೆಸರು ಹೇಳಲು ನಾಲಿಗೆ ಹೊರಳುವುದಿಲ್ಲ. ನಾವು ಮುಂಗಡ ಎನ್ನುತ್ತೇವೆ. ಜ್ವರ ಇಲ್ಲ, ನೋವಿಲ್ಲ, ತಿಂದ ಅನ್ನ ಸರಿಯಾಗಿ ಜೀರ್ಣವಾಗುತ್ತದೆ. ಮುಂದೆ ಎಂದೋ ಬರಬೇಕಾದ ನಗುವೋ ಸಿಟ್ಟೋ ಅಳುವೋ ಕಾರಣಕ್ಕೂ ಮೊದಲೇ ಬಂದು ಕೂತುಬಿಡುತ್ತದೆ, ಅಷ್ಟೆ. ಅದು ಪೂರ್ತಿ ತೀರಿದ ಮೇಲೆ ಕಾರಣ ನಿಧಾನವಾಗಿ ಬರುತ್ತದೆ. ಕಾರಣ ಬಂದಾಗ ರೋಗಿ ಬಸ್ಸಿಗೆ ಕಾಯುವವರ ಹಾಗೆ ನೋಡುತ್ತ ನಿಂತಿರುತ್ತಾನೆ. ಹೈಸ್ಕೂಲಿನ ಗಣಿತದ ಮೇಷ್ಟ್ರೊಬ್ಬರಿಗೆ ಸಿಟ್ಟಿನ ಮುಂಗಡ ಬಂದು ಒಂದು ವಾರ ಮನೆಯ ಗೋಡೆಗೆ ಬೈದರು. ಆಮೇಲೆ ಹುಡುಗರು ಅವರ ಸೈಕಲ್ಲನ್ನು ಬಾವಿಗೆ ಹಾಕಿದಾಗ ಎಲ್ಲರಿಗೂ ಪೆಪ್ಪರಮಿಂಟು ಹಂಚಿದರು. ಈಗ ಅವರಿಗೆ ಊರಲ್ಲಿ ಶಿಷ್ಯರಿದ್ದಾರೆ, ಕಾಲಿಗೆ ಬೀಳುತ್ತಾರೆ. ನಗು, ಸಿಟ್ಟು ಬಂದರೆ ಹೀಗೆ ಹೇಗೋ ಸುಧಾರಿಸಬಹುದು. ಊರು ಹೆದರುವುದು ಅಳುವಿನ ಮುಂಗಡಕ್ಕೆ. ಯಾಕೆಂದರೆ ಅಳು ನಿಂತ ಮೇಲೆ ಬರುವ ಕಾರಣ ಸಾಮಾನ್ಯವಾಗಿ ಹೆಗಲ ಮೇಲೆ ಹೋಗುವಂಥದ್ದು.

ಅಂಥ ಮುಂಗಡ ನನ್ನ ಅತ್ತೆ ಸಾವಂತ್ರಮ್ಮನವರಿಗೆ ಬಂತು ಎಂದರೆ ಮೊದಲು ಯಾರೂ ನಂಬಲಿಲ್ಲ. ನನ್ನ ಅತ್ತೆ ಅಳುವ ಜಾತಿಯವರಲ್ಲ. ನನ್ನ ಗಂಡ ಉಮಾಪತಿ, ಅಂದರೆ ಅವರ ಹಿರಿಯ ಮಗ, ತೀರಿಕೊಂಡ ದಿನ ಒಂದು ಹನಿ ಕಣ್ಣೀರು ಹಾಕದೆ, ಬಂದವರಿಗೆ ಚಾಪೆ ಹಾಸಿಲ್ಲವೆಂದು ನನ್ನನ್ನು ಬೈದವರು. ಅವತ್ತು ಅವರಿಗೆ ಯಾವ ಬೇನೆಯೂ ಇರಲಿಲ್ಲ, ಇದ್ದದ್ದೇ ಹಾಗೆ. ಆಮೇಲೆ ಆ ಮನೆಯ ಕೆಳಗಿನ ಭಾಗದಲ್ಲಿ ಉಳಿದವರು ನಾವಿಬ್ಬರು ಮತ್ತು ನನ್ನ ಹೊಲಿಗೆ ಮಿಶಿನ್ನು. ಮಹಡಿಯಲ್ಲಿ ಮೈದುನ ಪರಮೇಶ, ಅವನ ಹೆಂಡತಿ ಹೇಮಾ. ನಾದಿನಿ ಜಯಶೀಲ ಮದುವೆಯಾಗಿ ಬೇರೆ ಊರಲ್ಲಿದ್ದಳು. ಇಷ್ಟು ವರ್ಷಗಳಲ್ಲಿ ಅತ್ತೆ ನನ್ನ ಸಾರನ್ನು ಸಾರು ಎಂದು ಕರೆದದ್ದಿಲ್ಲ. ‘ಬಿಸಿನೀರು ತಾ’ ಎನ್ನುತ್ತಿದ್ದರು, ನಾನು ಸಾರು ಬಡಿಸುತ್ತಿದ್ದೆ. ನನ್ನ ರಂಗೋಲಿ ಸೊಟ್ಟ, ನನ್ನ ಹೆಜ್ಜೆ ಜೋರು, ನಾನು ಕಾಸಿದ ಹಾಲು ಕೂಡ ಉಳಿದವರ ಮನೆಯ ಹಾಲಿಗಿಂತ ಬೇಗ ಒಡೆಯುತ್ತದೆ. ನಾನೇನು ಬಾಯಿ ಸತ್ತವಳಲ್ಲ. ಅವರು ಒಂದು ಅಂದರೆ ನಾನೂ ಒಂದು ಅನ್ನುತ್ತಿದ್ದೆ, ಹಾಗೆ ದಿನ ಹೋಗುತ್ತಿತ್ತು.

ಈಗ ಚಂದ್ರಮೌಳಿಯ ವಿಷಯ ಹೇಳಬೇಕು. ಇವರು ಮಿಶಿನ್ ರಿಪೇರಿಯವರು, ಪ್ರತಿ ಮಂಗಳವಾರ ಬೆಳಗಿನ ಬಸ್ಸಿಗೆ ನಮ್ಮೂರಿಗೆ ಬರುತ್ತಿದ್ದರು. ಹೆಂಡತಿ ಹೋಗಿ ವರ್ಷಗಳಾಗಿದ್ದವು. ನನ್ನ ಮಿಶಿನ್ನು ಆ ವರ್ಷ ಕೆಟ್ಟಷ್ಟು ಇಡೀ ಊರಿನ ಮಿಶಿನ್ನುಗಳು ಸೇರಿದರೂ ಕೆಟ್ಟಿರಲಾರವು. ಒಂದು ಮಂಗಳವಾರ ಬೆಲ್ಟು, ಇನ್ನೊಂದು ಮಂಗಳವಾರ ಬಾಬಿನ್ನು. ಅತ್ತೆ ಜಗಲಿಯಲ್ಲಿ ಹೂವು ಕಟ್ಟುತ್ತ, “ಮಿಶಿನ್ನಿಗೆ ಮಂಗಳವಾರ ಆಗಿಬರಲ್ಲ ಅಂತ ಕಾಣುತ್ತೆ” ಎನ್ನುತ್ತಿದ್ದರು. ನಾನು ಕಿವಿ ಕೇಳಿಸದವಳಂತೆ ಒಳಗೆ ಹೋಗುತ್ತಿದ್ದೆ. ಕೊನೆಗೊಂದು ದಿನ ಆ ಮನುಷ್ಯ ಸ್ಕ್ರೂ ಬಿಗಿಯುತ್ತ, ತಲೆ ಎತ್ತದೆಯೇ ಹೇಳಿದರು: “ವನಜಾಕ್ಷಿಯವರೇ, ನಾನು ಕೆಳಗಿನೂರಲ್ಲಿ ಅಂಗಡಿ ಇಡ್ತಿದೀನಿ. ಈ ತಿಂಗಳು ಕಳೆದ್ರೆ ಈ ಕಡೆ ಬರೋದಿಲ್ಲ. ನೀವೂ ಬರೋದಾದ್ರೆ ನೇರ ರಿಜಿಸ್ಟರ್ ಆಫೀಸಿಗೆ ಹೋಗೋಣ. ಅಲ್ಲಿ ತಾರಸಿ ಮೇಲೆ ಕೋಲು ಬೇಕಾಗಲ್ಲ.” ನನಗೆ ಎದೆ ಡವಗುಟ್ಟಿತು. ನಲವತ್ತು ದಾಟಿದ ಹೆಂಗಸಿಗೆ ಹೀಗೆಲ್ಲ ಆಗಬಾರದು ಎಂದು ಎಲ್ಲರೂ ಹೇಳುತ್ತಾರಾದರೂ, ಆಗುತ್ತದೆ. ಬರುವ ಮಂಗಳವಾರ ಹೇಳುತ್ತೇನೆ ಎಂದೆ. ನಿಜ ಹೇಳಬೇಕೆಂದರೆ ಹೂಂ ಎನ್ನುವುದು ನನ್ನ ಬಾಯಿ ತುದಿಯಲ್ಲೇ ಇತ್ತು.

ಅತ್ತೆ ತಾರಸಿ ಹತ್ತಿದ್ದು ಅದೇ ವಾರ. ಸಂಜೆ ಇಬ್ಬನಿ ಬೀಳುವ ಮೊದಲು ಬಟ್ಟೆ ತೆಗೆಯಬೇಕು ಎಂದು ಅವರು ಹೇಳಿದರು, ಈ ಕುಪ್ಪಸದ ಕೈ ಒಂದು ಹೊಲಿದು ಹೋಗುತ್ತೇನೆ ಎಂದು ನಾನು ಹೇಳಿದೆ. ಅಷ್ಟು ಸಾಕಿತ್ತು. ‘ನೀನು ಹೋಗೋ ಹೊತ್ತಿಗೆ ಬಟ್ಟೆ ಮೇಲೆ ಪಾಚಿ ಬೆಳೆದಿರುತ್ತೆ’ ಎಂದು ಮೆಟ್ಟಿಲು ಹತ್ತಿಯೇ ಬಿಟ್ಟರು. ಕೋಲು ಮೂಲೆಯಲ್ಲೇ ಇತ್ತು. ಅವರು ಕೋಲು ಮುಟ್ಟುವವರಲ್ಲ, ಅವರ ಪ್ರಕಾರ ಅದು ಈಗಿನ ಕಾಲದ ಹೆಂಗಸರ ನಾಜೂಕು. ಸ್ವಲ್ಪ ಹೊತ್ತಿಗೆ ಮೇಲಿನಿಂದ ಕೂಗು ಕೇಳಿಸಿತು. “ಲೇ ವನಜಾ! ಇದೇನೇ ನೀನು ಸೀರೆ ಹಿಂಡಿರೋ ಚೆಂದ? ಬೆಳಗ್ಗೆಯಿಂದ ಬಿಸಿಲಲ್ಲಿದ್ರೂ ಒದ್ದೆ ಆರಿಲ್ಲವಲ್ಲೇ!” ನಾನು ಮಿಶಿನ್ ಬಿಟ್ಟು ಓಡಿದೆ. ಅವತ್ತು ನಾನು ಸೀರೆ ಒಗೆದೇ ಇರಲಿಲ್ಲ.

ನಾನು ಮೇಲೆ ಹೋಗುವಷ್ಟರಲ್ಲಿ ಆಗಬೇಕಾದ್ದೆಲ್ಲ ಆಗಿತ್ತು. ಅತ್ತೆ ಕಾಲದ ಅಂಚನ್ನು ಎರಡೂ ಕೈಯಲ್ಲಿ ಹಿಡಿದು, ಹಲ್ಲು ಕಚ್ಚಿ, ಹಿಂಡಿ, ಫಟಾರೆಂದು ಕೊಡವಿ, ತಂತಿಗೆ ಹಾಕಿ, ಮೇಲೆ ಎರಡು ಕ್ಲಿಪ್ಪನ್ನೂ ಸಿಕ್ಕಿಸಿದ್ದರು. ಅವರ ಕೈ ಮೊಣಕೈವರೆಗೂ ಒದ್ದೆಯಾಗಿತ್ತು. “ನೋಡು, ಹಿಂಡೋದು ಅಂದ್ರೆ ಹೀಗೆ” ಎಂದರು. ಹೇಳಿದ ಮರುಕ್ಷಣವೇ ಗಾಳಿ ಬಂದು ಆ ಅಂಚು ಮೆಲ್ಲಗೆ ಮೇಲೆದ್ದು, ಕ್ಲಿಪ್ಪುಗಳ ಸಮೇತ ತೆಂಗಿನ ಮರದ ಆಚೆ ಹೋಯಿತು. ಅತ್ತೆ ಅದನ್ನೇ ನೋಡಿದರು. ಏನಾಯಿತೆಂದು ಗೊತ್ತಾಯಿತು. ಆದರೂ ಬಾಯಿಂದ ಬಂದದ್ದು, “ಹೊಸ ಕ್ಲಿಪ್ಪು ಕಣೇ ಅದು” ಎಂಬ ಮಾತು ಮಾತ್ರ.

ಮರುದಿನ ಬೆಳಿಗ್ಗೆ ಅತ್ತೆ ಅಳತೊಡಗಿದರು. ಸುಮ್ಮನೆ ಕಣ್ಣು ಒದ್ದೆ ಮಾಡಿಕೊಳ್ಳುವ ಅಳುವಲ್ಲ, ಸೆರಗು ಬಾಯಿಗೆ ತುರುಕಿಕೊಂಡು, ಮೈಯೆಲ್ಲ ಅಲುಗುವ ಅಳು. ನಾನು ಗಾಬರಿಯಾಗಿ, “ಏನಾಯ್ತು ಅತ್ತೆ, ಎಲ್ಲಿ ನೋವು?” ಎಂದರೆ, “ನೋವೂ ಇಲ್ಲ ಗೀವೂ ಇಲ್ಲ, ಅಳು ಬರ್ತಿದೆ ಅಷ್ಟೇ, ನೀನು ಹೋಗಿ ಒಲೆ ನೋಡು” ಎಂದು ಇನ್ನಷ್ಟು ಬಿಕ್ಕಿದರು. ಡಾಕ್ಟರು ಬಂದು ನಾಡಿ ಹಿಡಿದು, ಟಾರ್ಚು ಹಾಕಿ ನೋಡಿ, ಶಕ್ತಿಯ ಮಾತ್ರೆ ಬರೆದುಕೊಟ್ಟರು. ಅವರು ಎಲ್ಲದಕ್ಕೂ ಅದನ್ನೇ ಬರೆಯುತ್ತಾರೆ. ಹೊರಗೆ ಬಂದು ಪರಮೇಶನ ಹೆಗಲ ಮೇಲೆ ಕೈಯಿಟ್ಟು, “ಅಳ್ತಾ ಇರೋವರೆಗೂ ಯೋಚನೆ ಇಲ್ಲ. ನಿಂತ ಮೇಲೆ ಹುಷಾರು” ಎಂದರು.

ಸುದ್ದಿ ಹಬ್ಬಲು ಎಷ್ಟು ಹೊತ್ತು ಬೇಕು? ಸಂಜೆಯೊಳಗೆ ಬೀದಿಯೆಲ್ಲ ಒಂದೇ ಮಾತು. ಹೆತ್ತ ಮಗ ಸತ್ತಾಗ ಅಳದ ಹೆಂಗಸು ಹೀಗೆ ಅಳಬೇಕಾದರೆ ಬರುವ ಸಾವು ಎಂಥ ದೊಡ್ಡವರದ್ದಿರಬೇಕು! ನಮ್ಮೂರಲ್ಲಿ ಇದಕ್ಕೊಂದು ಶಾಸ್ತ್ರ ಇದೆ, ಎದುರು ಕೂರುವುದು ಎನ್ನುತ್ತಾರೆ. ಅಳುವವರ ಮುಂದೆ ಮಣೆ ಹಾಕಿ ಮನೆಯವರು ಒಬ್ಬೊಬ್ಬರಾಗಿ ಕೂರಬೇಕು. ಯಾರನ್ನು ಕಂಡಾಗ ಅಳು ಜೋರಾಗುತ್ತದೋ ಹೋಗುವವರು ಅವರೇ ಎಂದು ಲೆಕ್ಕ. ಜಯಶೀಲ ಸೂಟ್‌ಕೇಸು ಹಿಡಿದು, ಬಸ್‌ಸ್ಟ್ಯಾಂಡಿನಿಂದಲೇ ಗೋಳಾಡುತ್ತ ಬಂದಳು. ಅತ್ತೆಯ ತಮ್ಮ, ತಂಗಿ, ಅವರ ಸೊಸೆಯಂದಿರು, ಎಲ್ಲರೂ ಬಂದರು. ಯಾರಿಗೂ ಸಾಯಲು ಇಷ್ಟವಿಲ್ಲ, ಆದರೆ ತನ್ನನ್ನು ಬಿಟ್ಟು ಇನ್ನೊಬ್ಬರಿಗೆ ಅಳುವುದೂ ಯಾರಿಗೂ ಬೇಡ. ಅಂಥ ಮುಖಗಳನ್ನು ನೀವು ನೋಡಬೇಕಿತ್ತು.

ಮೊದಲು ಪರಮೇಶ ಕೂತ. ಹಣೆ ತುಂಬ ವಿಭೂತಿ ಬಳಿದುಕೊಂಡು, ಎಲ್ಲಕ್ಕೂ ಸಿದ್ಧ ಎನ್ನುವ ಹಾಗೆ ಕಣ್ಣು ಮುಚ್ಚಿ ಕೂತಿದ್ದ. ಅತ್ತೆ ಸೆರಗಿನಿಂದ ಕಣ್ಣು ಒರೆಸಿಕೊಂಡು ಅವನನ್ನು ಮೇಲಿಂದ ಕೆಳಗೆ ನೋಡಿ, “ಅಂಗಿ ಮೇಲೆ ಏನೋ ಅದು, ಬಜ್ಜಿ ಎಣ್ಣೆನಾ?” ಎಂದರು. ಅಳು ಅರ್ಧಕ್ಕರ್ಧ ಇಳಿಯಿತು. ಬದುಕಿದೆಯಾ ಬಡಜೀವವೇ ಎಂದು ಅವನು ಎದ್ದು ಜಗಲಿಗೆ ಹೋದ. ಕಾಫಿ ಮುಗಿಸುವಷ್ಟರಲ್ಲಿ ಮುಖ ಹುಳ್ಳಗಾಗಿತ್ತು. “ನೋಡಿ ಅತ್ತಿಗೆ, ಹೆತ್ತ ಮಗ ನಾನು. ನನ್ನ ನೋಡಿ ಒಂದು ಹನಿ ಬರಲಿಲ್ಲವಲ್ಲ. ನಾನೇನು ಕಮ್ಮಿ ಮಾಡಿದೀನಿ ಇವಳಿಗೆ?” ಎಂದು ನನ್ನನ್ನೇ ಕೇಳಿದ. ಮಹಡಿಯಿಂದ ಕೆಳಗೆ ಇಳಿದದ್ದು ಕಮ್ಮಿ ಎಂದು ಹೇಳಬಹುದಿತ್ತು. ಉಪ್ಪಿಟ್ಟು ತಳ ಹಿಡಿಯುತ್ತಿತ್ತು, ಒಳಗೆ ಓಡಿದೆ. ಅವನು ಅಂಗಿ ಬದಲಾಯಿಸಿಕೊಂಡು ಇನ್ನೊಮ್ಮೆ ಹೋಗಿ ಕೂತ. ಅತ್ತೆ ಆಕಳಿಸಿದರು.

ಜಯಶೀಲ ಕೂತಾಗ ಅಳು ಪೂರ್ತಿ ನಿಂತು, ಅವಳ ಕುಪ್ಪಸದ ಬೆನ್ನು ಎಷ್ಟು ಇಳಿದಿದೆ ಎಂಬ ಚರ್ಚೆ ಶುರುವಾಯಿತು. ಅವಳು ಎದ್ದು ಬಂದು, “ಅಮ್ಮನಿಗೆ ಮೊದಲಿಂದಲೂ ಗಂಡು ಮಕ್ಕಳು ಅಂದ್ರೇನೇ ಜೀವ” ಎಂದು ಮೂಗು ಸೀಟಿದಳು. ಹೇಮಾ ಕೂತಾಗ ಅತ್ತೆಗೆ ನಿದ್ದೆ ಬಂತು. ಅತ್ತೆಯ ತಮ್ಮ ಕೂತು, ತಾವಾಗಿಯೇ ಅತ್ತು, ಎದ್ದು ಹೋದರು. ಕೊನೆಗೆ ಯಾರೂ ಸಿಗದೆ ಪಕ್ಕದ ಮನೆಯ ಗಿರಿಜಕ್ಕನ ಗಿಳಿಯನ್ನು ಪಂಜರ ಸಮೇತ ತಂದು ಮಣೆಯ ಮೇಲೆ ಇಟ್ಟರು. ಗಿಳಿ ಎದುರು ಅತ್ತೆ ಸ್ವಲ್ಪ ಹೆಚ್ಚು ಅತ್ತ ಹಾಗೆ ಕಂಡು, ಗಿರಿಜಕ್ಕ ಆ ವಾರವೆಲ್ಲ ಅದಕ್ಕೆ ಗೋಡಂಬಿ ತಿನ್ನಿಸಿದಳು.

ನನ್ನನ್ನು ಕೂರು ಎಂದು ಯಾರೂ ಹೇಳಲಿಲ್ಲ. ನನಗೂ ಹೊಳೆಯಲಿಲ್ಲ. ಅಷ್ಟು ಜನಕ್ಕೆ ಒಲೆ ಮುಂದೆ ನಿಲ್ಲುವವರು ಬೇಡವೇ? ನಾನು ಕಾಫಿ ಲೋಟ ಹಿಡಿದು ಒಳಗೆ ಹೋದಾಗಲೆಲ್ಲ ಅತ್ತೆಯ ಅಳು ಕಿತ್ತುಕೊಂಡು ಬರುತ್ತಿತ್ತು. ಇದನ್ನು ಎಲ್ಲರೂ ಗಮನಿಸಿದರು. ಡಾಕ್ಟರು ಕಾಫಿ ಆಗಿಬರುತ್ತಿಲ್ಲ, ಜೀರಿಗೆ ಕಷಾಯ ಕೊಡಿ ಎಂದರು. ಕಷಾಯ ತಂದೆ, ಅದಕ್ಕೂ ಅಳು. ಹಾಗಾದರೆ ಬಿಸಿ ಪದಾರ್ಥವೇ ಆಗದು ಎಂದು ಮಜ್ಜಿಗೆಗೆ ಬದಲಾಯಿಸಿದರು. ಮಜ್ಜಿಗೆಗೂ ಅಳು ಬಂದಾಗ, ಇದು ಹೊಟ್ಟೆಗೆ ಸಂಬಂಧಿಸಿದ್ದು ಎಂದು ಡಾಕ್ಟರು ತೀರ್ಮಾನಿಸಿದರು. ಓದಿದವರ ತಲೆ, ನಾವು ಯಾಕೆ ಎದುರಾಡಬೇಕು?

ಮಂಗಳವಾರ ಬಂತು. ಚಂದ್ರಮೌಳಿ ಚೀಲ ಹೆಗಲಿಗೇರಿಸಿಕೊಂಡು ಬಾಗಿಲಲ್ಲಿ ನಿಂತರು. ಒಳಗಿನ ಅಳು ಕೇಳಿ ಚಪ್ಪಲಿ ಬಿಡಲೋ ಬೇಡವೋ ಎಂದು ಹಾಗೇ ನಿಂತಿದ್ದರು. ಸಾವು ಕಾಯುತ್ತಿರುವ ಮನೆ, ಈಗ ನಾನು ಹೊರಟರೆ ಊರು ಉಗಿಯುತ್ತದೆ ಎಂದೆ. “ಊರು ಉಗೀಲಿ ಬಿಡಿ, ನೀವೇನಂತೀರಿ?” ಎಂದರು. ನಾನೇನನ್ನಲಿ? ಈ ಹೆಂಗಸು ಎದ್ದರೆ ಬೈಗುಳ, ಕೂತರೆ ಬೈಗುಳ ಎಂದು ಇಷ್ಟು ವರ್ಷ ಗೊಣಗಿದವಳು ನಾನೇ. ಈಗ ಅವರು ಹೀಗೆ ಮುದುಡಿಕೊಂಡು ಅಳುತ್ತಿದ್ದರೆ ನನ್ನ ಕಾಲು ಹೊಸ್ತಿಲು ದಾಟುತ್ತಿರಲಿಲ್ಲ. ನನಗೆ ನನ್ನ ಮೇಲೇ ಸಿಟ್ಟು ಬಂತು. ಹೋಗಬೇಕು ಎಂದು ಎಷ್ಟು ಆಸೆಯಿತ್ತೋ ಅಷ್ಟೇ ಸಂಕಟ. ಮುಂದಿನ ಮಂಗಳವಾರ ನೋಡೋಣ ಎಂದೆ. ಅವರು ಮಿಶಿನ್ನಿಗೆ ಎರಡು ಹನಿ ಎಣ್ಣೆ ಬಿಟ್ಟು, “ಅದೇ ಕೊನೇ ಮಂಗಳವಾರ” ಎಂದು ಮೆತ್ತಗೆ ಹೇಳಿ ಹೋದರು.

ಅಷ್ಟರಲ್ಲಿ ಪರಮೇಶನ ತಲೆಗೆ ಒಂದು ಉಪಾಯ ಹೊಳೆಯಿತು. ಅಳು ನಿಂತರೆ ತಾನೆ ಕಾರಣ ಬರುವುದು? ನಿಲ್ಲದ ಹಾಗೆ ನೋಡಿಕೊಂಡರೆ ಯಾರೂ ಸಾಯುವುದೇ ಇಲ್ಲವಲ್ಲ! ಮರುದಿನವೇ ಒಂದು ಮೂಟೆ ಈರುಳ್ಳಿ ಬಂತು. ಅಣ್ಣ ತಂಗಿ ಪಾಳಿ ಹಾಕಿಕೊಂಡು, ಅತ್ತೆಯ ಮುಂದೆ ಈಳಿಗೆಮಣೆ ಇಟ್ಟುಕೊಂಡು ಹೆಚ್ಚಲು ಕೂತರು. ಅಳು ಸ್ವಲ್ಪ ಇಳಿಯಿತು ಅನ್ನಿಸಿದರೆ, “ಇನ್ನೊಂದು ಹೆಚ್ಚೋ, ಬೇಗ!” ಎಂದು ಜಯಶೀಲ ಕಿರುಚುತ್ತಿದ್ದಳು. ಎಲ್ಲರ ಕಣ್ಣೂ ಕೆಂಪು. ಅವರ ಜನ್ಮದಲ್ಲಿ ತಾಯಿಯ ಎದುರು ಅಷ್ಟು ಹೊತ್ತು ಕೂತು, ಅಷ್ಟು ಅತ್ತಿದ್ದು ಅದೇ ಮೊದಲು. ಬಂದ ನೆಂಟರು ಈ ಮಕ್ಕಳ ಪ್ರೀತಿ ಕಂಡು ಮೂಗಿನ ಮೇಲೆ ಬೆರಳಿಟ್ಟರು. ಹೆಚ್ಚಿದ ಈರುಳ್ಳಿಯನ್ನೆಲ್ಲ ಏನು ಮಾಡುವುದು ಎಂದು ಮಾತ್ರ ಯಾರೂ ಯೋಚಿಸಿರಲಿಲ್ಲ. ಹುಳಿ, ಪಲ್ಯ, ಪಕೋಡ, ರೊಟ್ಟಿ, ಎಲ್ಲದಕ್ಕೂ ಹಾಕಿ ಹಾಕಿ ನನ್ನ ಕೈಯ ವಾಸನೆ ಸೋಪಿಗೂ ಬಗ್ಗದಂತಾಯಿತು. ಅತ್ತೆ ಆ ಅಳುವಿನ ಮಧ್ಯೆಯೂ, “ನಿನ್ನ ಹುಳೀಲಿ ಈರುಳ್ಳಿ ಜಾಸ್ತಿ” ಎಂದರು.

ಈರುಳ್ಳಿಯ ಕಣ್ಣೀರು ಬೇರೆ, ಎದೆಯಿಂದ ಬರುವ ಕಣ್ಣೀರು ಬೇರೆ ಎಂದು ಕಾಲಕ್ಕೆ ಗೊತ್ತಿರಬೇಕು. ಮುಂದಿನ ಸೋಮವಾರ ಬೆಳಿಗ್ಗೆ ಅತ್ತೆ ಎದ್ದು, ಮುಖ ತೊಳೆದು, ತಲೆ ಬಾಚಿ, ಜಗಲಿಯಲ್ಲಿ ಕೂತು ಹೂವು ಕಟ್ಟುತ್ತಿದ್ದರು. ಕಣ್ಣು ಕಾದ ಹೆಂಚಿನ ಹಾಗೆ ಒಣಗಿತ್ತು. ಪರಮೇಶ ಈರುಳ್ಳಿ ತಂದರೆ, “ಅದನ್ನ ತಗೊಂಡು ಹೋಗಿ ನಿನ್ನ ಹೆಂಡತಿಗೆ ಕೊಡು, ಅವಳಾದ್ರೂ ಒಂದು ದಿನ ಒಲೆ ಹಚ್ಚಲಿ” ಎಂದರು. ಅಳು ನಿಂತಿತ್ತು. ಮನೆಯಲ್ಲಿ ಗಲಿಬಿಲಿಯೋ ಗಲಿಬಿಲಿ. ಪರಮೇಶ ಮಹಡಿಗೆ ಓಡಿ, ಬಾಗಿಲು ಹಾಕಿಕೊಂಡು, ಫ್ಯಾನು ಮೇಲೆ ಬೀಳಬಹುದು ಎಂದು ಮಂಚದ ಕೆಳಗೆ ಮಲಗಿದ. ಜಯಶೀಲಳಿಗೆ ಗಂಡನ ಮನೆಯಲ್ಲಿ ಏನೋ ತುರ್ತು ನೆನಪಾಗಿ ಮುಂದಿನ ಬಸ್ಸಿಗೇ ಹೊರಟಳು. ನೆಂಟರು ಊಟಕ್ಕೂ ನಿಲ್ಲಲಿಲ್ಲ. ಗಿರಿಜಕ್ಕ ಗಿಳಿಗೆ ಹತ್ತಿ ಹೊದಿಸಿದಳು.

ಮನೆ ಖಾಲಿಯಾದ ಮೇಲೆ ನಾನು ಅಭ್ಯಾಸದಂತೆ ಕಾಫಿ ತಂದೆ. ಈ ಸಲ ಅತ್ತೆ ಅಳಲಿಲ್ಲ. ಲೋಟ ತೆಗೆದುಕೊಂಡು, ಕಾಲಿನಿಂದ ಆ ಮಣೆಯನ್ನು ನನ್ನ ಕಡೆ ತಳ್ಳಿ, “ಕೂತ್ಕೋ” ಎಂದರು.

“ನಾನ್ಯಾಕೆ ಅತ್ತೆ? ಒಲೆ ಮೇಲೆ...”

“ಒಲೆ ಎಲ್ಲೂ ಓಡಿಹೋಗಲ್ಲ. ಓಡಿಹೋಗೋಳು ನೀನು. ಕೂತ್ಕೋ.”

ಕೂತೆ. ಅವರು ನನ್ನನ್ನು ನೋಡಿದರು. ಇಷ್ಟು ವರ್ಷಗಳಲ್ಲಿ ಅವರು ನನ್ನ ಕೈ ನೋಡಿದ್ದರು, ನನ್ನ ಕೆಲಸ ನೋಡಿದ್ದರು, ಮುಖವನ್ನು ಹೀಗೆ ನೋಡಿರಲಿಲ್ಲ. “ಮೊದಲೆರಡು ದಿನ ನನಗೂ ಗೊತ್ತಾಗ್ಲಿಲ್ಲ ಕಣೇ” ಎಂದರು. “ನೀನು ಕಾಫಿ ತಂದಾಗೆಲ್ಲ ಎದೆ ಹಿಂಡೋದು. ಕಾಫಿಯಿಂದ ಅಂದ್ರು ಇವ್ರು. ನಿನ್ನ ಕಾಫಿ ಅಳೋ ಹಾಗೇ ಇರುತ್ತೆ, ಅದು ನಿಜ. ಆದ್ರೆ ಇಷ್ಟು ವರ್ಷ ಕುಡಿದ್ನಲ್ಲ, ಯಾವತ್ತೂ ಅಳು ಬಂದಿರ್ಲಿಲ್ಲ. ಆಮೇಲೆ ಹೊಳೀತು.”

ನಮ್ಮೂರಿನ ಶಾಸ್ತ್ರ ನೆನಪಾಯಿತು. ಅಳು ನನಗೆ ಎಂದರೆ ಹೋಗುವವಳು ನಾನು. ಅಳು ನಿಂತಿದೆ ಎಂದರೆ ಇನ್ನು ತಡವಿಲ್ಲ. ನಾಳೆ ಮಂಗಳವಾರ ಎಂಬುದೂ ನೆನಪಾಯಿತು. “ಹಾಗಾದ್ರೆ ನಾನು ಸಾಯ್ತೀನಾ ಅತ್ತೆ?” ಎಂದೆ.

ಅತ್ತೆ ಲೋಟ ಕೆಳಗಿಟ್ಟು ತಲೆ ಚಚ್ಚಿಕೊಂಡರು. “ನಿನ್ನ ಬುದ್ಧಿಗಿಷ್ಟು! ಸಾಯೋರಿಗೆ ಅಳೋಳೇನೇ ನಾನು? ಉಮಾಪತಿಗೇ ಅಳಲಿಲ್ಲ. ಸತ್ತವನಿಗೆ ಕೇಳಿಸುತ್ತಾ ಅತ್ರೆ? ಅವತ್ತು ನಾನೂ ಅತ್ತುಕೊಂಡು ಬಿದ್ದಿದ್ರೆ ನಿನ್ನ ಎತ್ತಿ ಕೂರಿಸೋರು ಯಾರಿದ್ರು ಈ ಮನೇಲಿ? ಬೈದೆ, ನೀನು ಎದ್ದು ಚಾಪೆ ಹಾಸಿದೆ. ಹಂಗೇ ಎದ್ದು ನಿಂತೆ.” ಸ್ವಲ್ಪ ಹೊತ್ತು ಹೂವಿನ ದಾರ ಸರಿಮಾಡಿಕೊಂಡರು. “ಬದುಕಿ ಹೋಗೋರಿಗೇನೇ ಅಳು ಬರೋದು. ಆ ಮಿಶಿನ್ನಿನವನ ಜೊತೆ ಹೋಗ್ತಿದೀಯ ನೀನು. ಯಾವತ್ತು?”

“ಹೋಗ್ತೀನಿ ಅಂತ ನಾನು ಹೇಳೇ ಇಲ್ಲ. ನಿಮ್ಮನ್ನ ಹೀಗೆ ಬಿಟ್ಟು...” ಎಂದು ತೊದಲಿದೆ.

“ಹೀಗೆ ಅಂದ್ರೆ ಹೇಗೆ? ಗಟ್ಟಿಯಾಗೇ ಇದೀನಿ. ಮೇಲೆ ಹೇಮಾ ಇದಾಳೆ, ಕೆಳಗೆ ಇಳಿಸ್ತೀನಿ. ಅವಳ ಸಾರು ಕುಡಿದು ಯಾವ ಸೊಸೆ ವಾಸಿ ಅಂತ ನೋಡ್ತೀನಿ. ಅವಳನ್ನ ಬೈಯೋದು ಎಷ್ಟು ಬಾಕಿ ಇದೆ ಗೊತ್ತಾ? ಇಷ್ಟು ವರ್ಷ ಎಲ್ಲ ನಿನಗೇ ಸುರಿದೆ.” ಅವರು ಮುಂದಕ್ಕೆ ಬಾಗಿ, ಯಾವತ್ತೂ ಇಲ್ಲದ ಹಾಗೆ, ನನ್ನ ಮೊಣಕಾಲ ಮೇಲೆ ಕೈಯಿಟ್ಟರು. ಕೈ ಈರುಳ್ಳಿ ವಾಸನೆ ಹೊಡೆಯುತ್ತಿತ್ತು. “ನೋಡು ವನಜಾ. ನಿನಗೆ ಎಷ್ಟು ಅಳಬೇಕೋ ಅಷ್ಟೂ ಅತ್ತು ಮುಗಿಸಿದೀನಿ. ಪಕ್ಕೆ ಇನ್ನೂ ನೋಯ್ತಿದೆ. ಈಗ ನೀನು ಹೋಗದೇ ಇಲ್ಲೇ ಕೂತ್ರೆ ನಾನು ಅತ್ತಿದ್ದೆಲ್ಲ ದಂಡ ಕಣೇ. ಇನ್ನೊಂದು ಸಲ ಅಳೋಕೆ ನನ್ನ ಕೈಲಾಗಲ್ಲ.”

ಮಂಗಳವಾರ ನಾನು ಹೊರಟೆ. ಸಾಯುವವರು ಯಾರೂ ಇಲ್ಲ, ಹೋಗುವವಳು ಅತ್ತಿಗೆ ಎಂದು ತಿಳಿದು ಪರಮೇಶ ಮಂಚದ ಕೆಳಗಿನಿಂದ ಹೊರಬಂದ. ಆದರೆ ಆ ಅಳುವೆಲ್ಲ ಅತ್ತಿಗೆಗೆ ಎಂದಾಗ ಅವನ ಮುಖ ಮತ್ತೆ ಹುಳ್ಳಗಾಯಿತು. ಸಾವು ತಪ್ಪಿದ ಸಂತೋಷವನ್ನೂ ಅನುಭವಿಸಲಾಗಲಿಲ್ಲ ಪಾಪ. ಹೇಮಾ ನನ್ನ ಕೈ ಹಿಡಿದು, “ಅಕ್ಕ, ಹೋಗಲೇಬೇಕಾ?” ಎಂದು ಮನಸಾರೆ ಕೇಳಿ ಮನಸಾರೆ ಅತ್ತಳು. ಅವಳ ಅಳುವಿನ ಕಾರಣ ಎಲ್ಲರಿಗೂ ಗೊತ್ತಿತ್ತು. ಬಸ್‌ಸ್ಟ್ಯಾಂಡಿನಲ್ಲಿ ಅರ್ಧ ಊರೇ ಸೇರಿತ್ತು, ಮದುವೆಗೆ ಹೊರಟ ವಿಧವೆಯನ್ನು ಬೈಯಲು ಬಂದವರು ಕೆಲವರು, ಬೈಯುವವರನ್ನು ನೋಡಲು ಬಂದವರು ಉಳಿದವರು. ಚಂದ್ರಮೌಳಿ ನನ್ನ ಮಿಶಿನ್ನನ್ನು ಬಸ್ಸಿನ ಮೇಲೆ ಕಟ್ಟಿಸುತ್ತಿದ್ದರು. ಅತ್ತೆ ಬಿದಿರು ಕೋಲು ಹಿಡಿದು ಬಂದಿದ್ದರು. ಜೀವನದಲ್ಲಿ ಮೊದಲ ಸಲ ಆ ಕೋಲು ಹಿಡಿದಿದ್ದರು. ನನ್ನ ಬಟ್ಟೆಯ ಗಂಟನ್ನು ಎಲ್ಲರೆದುರು ಒಂದೊಂದು ಕಡೆಯೂ ತಟ್ಟಿ, ಸದ್ದಿಗೆ ಕಿವಿಗೊಟ್ಟು, “ಎಲ್ಲ ನಿನ್ನದೇ, ತಗೊಂಡು ಹೋಗು” ಎಂದರು.

ಅತ್ತೆಯ ಕಣ್ಣಲ್ಲಿ ಒಂದು ತೊಟ್ಟು ನೀರಿರಲಿಲ್ಲ. ನಾನು ಕಾಲಿಗೆ ಬಿದ್ದರೆ, “ಸಾಕು ಸಾಕು, ಬಸ್ಸಿನವನು ಕಾಯ್ತಾನಾ ನಿನಗೋಸ್ಕರ” ಎಂದರು. ಬಸ್ಸು ಹೊರಟಾಗ ಕಿಟಕಿಯ ಹತ್ತಿರ ಬಂದು, “ಸಾರಿಗೆ ಉಪ್ಪು ನೋಡ್ಕೊಂಡು ಹಾಕು, ಅವನಾದ್ರೂ ಬದುಕಲಿ” ಎಂದು, ಕೋಲು ಊರುತ್ತ, ತಿರುಗಿ ನೋಡದೆ ಮನೆಯ ಕಡೆ ನಡೆದರು.

ನನಗೆ ಮುಂಗಡ ಇರಲಿಲ್ಲ. ನನ್ನ ಅಳು ಬರಬೇಕಾದ ಹೊತ್ತಿಗೇ ಬಂತು, ಚಂದ್ರಮೌಳಿಯ ಕರವಸ್ತ್ರವಷ್ಟೂ ಒದ್ದೆಯಾಯಿತು. ಮುಂದಿನ ಸೀಟಿನಲ್ಲಿ ಯಾವುದೋ ಊರಿಂದ ಬಂದ ಹೆಂಗಸೊಬ್ಬಳು ಕೂತಿದ್ದಳು. ಎಲ್ಲವನ್ನೂ ನೋಡಿದ್ದಳು. ನನ್ನ ಕಡೆ ತಿರುಗಿ, “ಅತ್ತೆನಾ ನಿಮಗೆ? ಎಂಥ ಕಲ್ಲು ಮನಸ್ಸು ರೀ ಆ ಮುದುಕೀದು! ಮನೆ ಸೊಸೆ ಬಿಟ್ಟು ಹೋಗ್ತಿದ್ರೆ ಒಂದು ಹನಿ ಕಣ್ಣೀರಾದ್ರೂ ಬೇಡ್ವಾ?” ಎಂದಳು. ಹೊರಗಿನವರು ಕೇಳಿದರೆ ಹೌದು ಎಂದು ಸುಮ್ಮನಾಗುವುದು ನಮ್ಮೂರಿನ ರೂಢಿ. ಆದರೆ ಬಸ್ಸು ಆಗಲೇ ಊರು ದಾಟಿತ್ತು, ಮೇಲೆ ಆಕಾಶ ಎತ್ತರದಲ್ಲಿತ್ತು. ಹೆತ್ತ ಮಗನಿಗೆ ಸಿಗದ್ದು, ಮಗಳಿಗೆ ಸಿಗದ್ದು, ಗಿಳಿಗೂ ಸಿಗದ್ದು ನನಗೆ ಸಿಕ್ಕಿತ್ತು. ನಾನು ಮೂಗು ಒರೆಸಿಕೊಂಡು, ಇಡೀ ಬಸ್ಸಿಗೆ ಕೇಳಿಸುವ ಹಾಗೆ ಹೇಳಿದೆ: “ಬಾಯಿ ಮುಚ್ಚಮ್ಮ ನೀನು. ನನಗೋಸ್ಕರ ಅವರು ಅತ್ತ ಹಾಗೆ ನಿನಗೆ ಯಾರಾದ್ರೂ ಅತ್ತಿದಾರಾ?”